ಆನೆ ಹುಡುಕೋ ಹೀರೋ, ಅವನನ್ನ ಗೇಲಿ ಮಾಡೋ ಗೆಳೆಯ: ಥಾಯ್ ಆಕ್ಷನ್ ಕಾಮಿಡಿ ಒಳಗೊಂದು ಸುತ್ತು

(ಈ ವಾರದ ಸಂಚಿಕೆಯ ಬರಹ ರೂಪ. ಓದಲು ಅನುಕೂಲ ಆಗಲಿ ಅಂತ ಅಲ್ಲಲ್ಲಿ ಸ್ವಲ್ಪ ತಿದ್ದಿದೆ.)

ಇವತ್ತಿನ ವಿಷಯ ಥಾಯ್ಲೆಂಡ್ ಸಿನಿಮಾ. ಅದರಲ್ಲೂ ಒಂದು ವಿಚಿತ್ರ ತಳಿ: ಮೂಳೆ ಮುರಿಯೋ ಫೈಟು, ಅದರ ಪಕ್ಕದಲ್ಲೇ ಹೊಟ್ಟೆ ಹುಣ್ಣಾಗೋ ಕಾಮಿಡಿ. ಎರಡೂ ಒಂದೇ ಸಿನಿಮಾದಲ್ಲಿ, ಕೆಲವು ಸಲ ಒಂದೇ ಶಾಟ್‌ನಲ್ಲಿ.

ಟೋನಿ ಜಾ ಹೆಸರು ಕೇಳಿರ್ತೀರಿ. ಹೆಸರು ಗೊತ್ತಿಲ್ಲದೇ ಇದ್ರೂ ರೀಲ್ಸ್‌ನಲ್ಲಿ ಆತ ಮೊಣಕೈಯಿಂದ ಎದುರಾಳಿ ತಲೆಗೆ ಕುಟ್ಟೋದನ್ನ ಖಂಡಿತ ನೋಡಿರ್ತೀರಿ. 2005ರಲ್ಲಿ ಬಂದ ‘ಟಾಮ್-ಯಮ್-ಗೂಂಗ್’ ಸಿನಿಮಾದಲ್ಲಿ ಆತನ ಆನೆಗಳನ್ನ ಕದ್ದು ಆಸ್ಟ್ರೇಲಿಯಾದ ಸಿಡ್ನಿಗೆ ಸಾಗಿಸಿರ್ತಾರೆ. ಹೀರೋ ಅಲ್ಲಿಗೆ ಹೋಗಿ ಸಿಕ್ಕಸಿಕ್ಕವರನ್ನೆಲ್ಲ ಹೊಡೀತಾ ಕೇಳೋದು ಒಂದೇ ಪ್ರಶ್ನೆ: ನನ್ನ ಆನೆ ಎಲ್ಲಿ? ಸಿನಿಮಾದಲ್ಲಿ ಅದು ಕರುಳು ಕಿತ್ತು ಬರೋ ಮಾತು. ಸುರಿನ್ ಅನ್ನೋ ಪ್ರಾಂತ್ಯದಲ್ಲಿ ಆನೆ ಸಾಕೋ ಮನೆತನದಲ್ಲೇ ಹುಟ್ಟಿ ಬೆಳೆದವರು ಟೋನಿ ಜಾ, ಹಾಗಾಗಿ ಆ ಸಂಕಟ ನಟನೆ ಮಾತ್ರ ಅಲ್ಲ. ಆದ್ರೆ ಥಾಯ್ಲೆಂಡಿನ ಜನ ಅದನ್ನ ಏನು ಮಾಡಿದ್ರು? ಜೋಕ್ ಮಾಡಿದ್ರು. ಏನೋ ಕಳೆದುಹೋದ್ರೆ, ಯಾರೋ ಸಿಟ್ಟಾದ್ರೆ, “ನನ್ನ ಆನೆ ಎಲ್ಲಿ?” ಅನ್ನೋದು ಅಲ್ಲಿ ಮನೆಮಾತಾಯ್ತು.

ಇದನ್ನ ಅವಮಾನ ಅಂದ್ಕೋಬೇಡಿ. ತಾವು ತುಂಬಾ ಇಷ್ಟಪಟ್ಟಿದ್ದನ್ನೇ ಚೆನ್ನಾಗಿ ಗೇಲಿ ಮಾಡೋದು ಅಲ್ಲಿನ ಮನರಂಜನೆಯ ಹಳೇ ಚಾಳಿ. ಆ ಚಾಳಿ ಎಲ್ಲಿಂದ ಬಂತು, ಸಿನಿಮಾಕ್ಕೆ ಹೇಗೆ ನುಗ್ಗಿತು, ಅದರಲ್ಲಿ ಯಾರು ನಗ್ತಾರೆ, ಯಾರನ್ನ ನೋಡಿ ನಗ್ತಾರೆ? ಅದೇ ಇವತ್ತಿನ ಮಾತು.

ಮೊದಲು ಒಬ್ಬ ಮನುಷ್ಯನ ಪರಿಚಯ ಆಗ್ಬೇಕು. ಪೆಟ್‌ತಾಯ್ ವೋಂಗ್‌ಖಮ್‌ಲಾವ್. ನಾಲಿಗೆ ತಿರುಗ್ತಿಲ್ಲ ಅಂದ್ರೆ ಬಿಡಿ, ಥಾಯ್ಲೆಂಡಿನಲ್ಲೂ ಎಲ್ಲರೂ ಕರೆಯೋದು ಮಮ್ ಜೋಕ್‌ಮೋಕ್ ಅಂತ. ದುಂಡು ಮುಖ, ಸಣ್ಣ ಆಳು, ಹೊಟ್ಟೆ ಸ್ವಲ್ಪ ಮುಂದೆ. ಹುಟ್ಟಿದ್ದು 1965ರಲ್ಲಿ, ಊರು ಯಸೋಥೋನ್. ಥಾಯ್ಲೆಂಡಿನ ಈಶಾನ್ಯ ಭಾಗಕ್ಕೆ ಇಸಾನ್ ಅಂತಾರೆ, ಯಸೋಥೋನ್ ಇರೋದು ಅಲ್ಲಿ. ಈ ‘ಇಸಾನ್’ ಅನ್ನೋ ಪದ ನೆನಪಿಟ್ಕೊಳ್ಳಿ, ಇವತ್ತು ಪದೇಪದೇ ಬರುತ್ತೆ.

ಮಮ್ ಬೆಳೆದಿದ್ದು ‘ತಲೋಕ್ ಕೆಫೆ’ ಅನ್ನೋ ಪರಂಪರೆಯಲ್ಲಿ. ತಲೋಕ್ ಅಂದ್ರೆ ಹಾಸ್ಯ. 1980, 90ರ ದಶಕದ ಬ್ಯಾಂಕಾಕ್‌ನಲ್ಲಿ ದೊಡ್ಡ ದೊಡ್ಡ ರಾತ್ರಿ ಹೋಟೆಲ್‌ಗಳಿದ್ವು. ಊಟ, ಕುಡಿತ, ಹಾಡುಗಾರ್ತಿಯರು, ನಡುವೆ ಹಾಸ್ಯದ ತಂಡ. ಒಂದು ತಂಡ ಇಲ್ಲಿ ಆಟ ಮುಗಿಸಿ, ಬೆವರು ಒರೆಸ್ಕೊಂಡು, ಅದೇ ರಾತ್ರಿ ಇನ್ನೊಂದು ಕೆಫೆಗೆ ಓಡ್ತಿತ್ತು. ಲಿಖಿತ ಸಂಭಾಷಣೆ ಅಂತ ಹೆಚ್ಚೇನೂ ಇಲ್ಲ. ವೇದಿಕೆ ಮೇಲೆ ನಾಲ್ಕೈದು ಜನ, ಹಿಂದೆ ಒಬ್ಬ ಡ್ರಮ್ ಹಿಡಿದವನು. ಒಬ್ಬ ಏನೋ ಹೇಳ್ತಾನೆ, ಇನ್ನೊಬ್ಬ ಅವನ ತಲೆಗೆ ತಗಡಿನ ತಟ್ಟೆಯಲ್ಲಿ ‘ಢಣ್’ ಅಂತ ಬಾರಿಸ್ತಾನೆ, ಡ್ರಮ್‌ನವನು ಸರಿಯಾಗಿ ಆ ಕ್ಷಣಕ್ಕೇ ಹೊಡೀಬೇಕು. ಅರ್ಧ ಸೆಕೆಂಡ್ ತಡ ಆದ್ರೂ ಜೋಕ್ ಸತ್ತುಹೋಗುತ್ತೆ.

ಈ ತಟ್ಟೆ ಏಟನ್ನ ಸ್ವಲ್ಪ ಗಮನಿಸಿ. ಇದೂ ಒಂದು ಸ್ಟಂಟೇ. ಹೊಡೆಯೋನಿಗೆ ದೂರ ಗೊತ್ತಿರ್ಬೇಕು, ಹೊಡೆಸ್ಕೊಳ್ಳೋನಿಗೆ ತಲೆ ಎಷ್ಟು ಬಗ್ಗಿಸ್ಬೇಕು ಅಂತ ಗೊತ್ತಿರ್ಬೇಕು, ಸದ್ದು ಜೋರಾಗಿ ಬರ್ಬೇಕು, ಪೆಟ್ಟು ಕಮ್ಮಿ ಬೀಳ್ಬೇಕು. ಫೈಟ್ ಮಾಸ್ಟರ್ ಕೇಳೋದೂ ಇಷ್ಟನ್ನೇ ಅಲ್ವಾ? ಕಾಮಿಡಿಯನ್‌ಗೂ ಸ್ಟಂಟ್‌ಮ್ಯಾನ್‌ಗೂ ಅಲ್ಲಿ ಅಷ್ಟು ಬೇಗ ಹೊಂದಾಣಿಕೆ ಆಗಿದ್ದಕ್ಕೆ ಇದೂ ಒಂದು ಕಾರಣ ಅನ್ನೋದು ನನ್ನ ಲೆಕ್ಕ.

ಇನ್ನೊಂದು ಬೇರು ಇನ್ನೂ ಹಿಂದಿದೆ, ಅದು ಡಬ್ಬಿಂಗ್. 1950, 60ರ ದಶಕದಲ್ಲಿ ಥಾಯ್ ಸಿನಿಮಾಗಳನ್ನ ಬಹುಪಾಲು 16 ಎಂ.ಎಂ. ಫಿಲ್ಮ್‌ನಲ್ಲಿ ತೆಗೀತಿದ್ರು, ಅದರಲ್ಲಿ ಧ್ವನಿ ಇರ್ತಿರಲಿಲ್ಲ. ಥಿಯೇಟರ್‌ನಲ್ಲೇ ಮೈಕ್ ಹಿಡ್ಕೊಂಡು ಕೂತ ಕಲಾವಿದರು ಎಲ್ಲಾ ಪಾತ್ರಗಳಿಗೂ ಲೈವ್ ಆಗಿ ಮಾತು ಕೊಡೋರು. ಲೈವ್ ಅಂದ್ಮೇಲೆ ಕೇಳ್ಬೇಕಾ? ಸೀನ್ ಬೋರ್ ಹೊಡೀತಿದೆ ಅನ್ನಿಸಿದ್ರೆ ಒಂದು ಜೋಕ್ ಸೇರಿಸೋರು, ಊರಿನ ಸುದ್ದಿ ಸೇರಿಸೋರು. ಮುಂದೆ ಹಾಂಗ್‌ಕಾಂಗ್ ಸಿನಿಮಾಗಳು ರಾಶಿರಾಶಿ ಬಂದಾಗ್ಲೂ ಆ ಅಭ್ಯಾಸ ಹೋಗಲಿಲ್ಲ. ‘ಪಂತಮಿತ್’ ಅನ್ನೋ ಡಬ್ಬಿಂಗ್ ತಂಡ ಅಲ್ಲಿ ಹೀರೋಗಳಷ್ಟೇ ಫೇಮಸ್. ಸ್ಟೀಫನ್ ಚೌ ಸಿನಿಮಾಗಳಿಗೆ ಅವರು ಕೊಟ್ಟ ಥಾಯ್ ಮಾತುಗಳಲ್ಲಿ ಮೂಲದಲ್ಲಿ ಇಲ್ಲದ ಪಂಚ್‌ಗಳೇ ತುಂಬಿದ್ವು. ಅಂದ್ರೆ ಕುಂಗ್‌ಫೂ ಸಿನಿಮಾ ಅಲ್ಲಿನ ಜನಕ್ಕೆ ಸಿಕ್ಕಿದ್ದೇ ಗೇಲಿ ಸವರಿಕೊಂಡು. ಬ್ರೂಸ್ ಲೀಯನ್ನ ದೇವರ ಥರ ನೋಡಿದ್ದೂ ಹೌದು, ಅದೇ ಪರದೆ ಮೇಲೆ ಯಾರೋ ಕುಹಕ ಆಡಿದ್ದನ್ನ ಕೇಳಿ ನಕ್ಕಿದ್ದೂ ಹೌದು.

ಬ್ರೂಸ್ ಲೀ ಹೆಸರು ಬಂತಲ್ಲ, ಒಂದು ವಿಷಯ ಹೇಳಿಬಿಡ್ತೀನಿ. ಅವರನ್ನ ಏಷ್ಯಾದ ಸೂಪರ್‌ಸ್ಟಾರ್ ಮಾಡಿದ 1971ರ ‘ದಿ ಬಿಗ್ ಬಾಸ್’ ಚಿತ್ರೀಕರಣ ಆಗಿದ್ದು ಥಾಯ್ಲೆಂಡಿನ ಪಾಕ್ ಚೋಂಗ್‌ನಲ್ಲಿ. ಅದಿರೋದು ನಖೋನ್ ರಾಚಸೀಮಾ ಪ್ರಾಂತ್ಯದಲ್ಲಿ, ಇಸಾನ್‌ನ ಹೆಬ್ಬಾಗಿಲು ಅಂತಾರಲ್ಲ, ಅಲ್ಲಿ. ಕಥೆ ನಡೆಯೋದು ಐಸ್ ಫ್ಯಾಕ್ಟರಿಯಲ್ಲಿ. ಈ ಐಸ್ ಫ್ಯಾಕ್ಟರಿ ಆಮೇಲೆ ಮತ್ತೆ ಬರುತ್ತೆ, ತಾಳ್ಮೆ ಇರಲಿ.

ಈಗ 1997ಕ್ಕೆ ಬನ್ನಿ. ಬಿಕಾಂ ಓದಿದವನಿಗೆ ಈ ವರ್ಷ ಬಂದ್ರೆ ಕಿವಿ ನೆಟ್ಟಗಾಗುತ್ತೆ. ಜುಲೈ 2ರಂದು ಥಾಯ್ಲೆಂಡ್ ತನ್ನ ಬಾತ್ ಕರೆನ್ಸಿಯನ್ನ ಡಾಲರ್ ಜೊತೆಗಿನ ಗಂಟಿನಿಂದ ಬಿಚ್ಚಿಬಿಡ್ತು. ಬಾತ್ ಕುಸೀತು, ಏಷ್ಯಾದ ಅರ್ಧ ಭಾಗ ಅದರ ಹಿಂದೆ ಜಾರಿತು. ಪ್ರಪಂಚ ಅದನ್ನ ಏಷ್ಯಾದ ಆರ್ಥಿಕ ಬಿಕ್ಕಟ್ಟು ಅಂತ ಕರೀತು, ಥಾಯ್ಲೆಂಡಿನವರು ಅದಕ್ಕಿಟ್ಟ ಹೆಸರು ‘ಟಾಮ್ ಯಮ್ ಗೂಂಗ್ ಬಿಕ್ಕಟ್ಟು’. ಟಾಮ್ ಯಮ್ ಗೂಂಗ್ ಅಂದ್ರೆ ಅವರ ಫೇಮಸ್ ಸೀಗಡಿ ಸೂಪು, ಹುಳಿ-ಖಾರ. ತಮ್ಮ ಬ್ಯಾಂಕುಗಳು ಮುಳುಗಿದ್ದಕ್ಕೆ ಊಟದ ಹೆಸರಿಟ್ಟು ಕರೆಯೋ ಜನ ಇವರು. ಎಂಟು ವರ್ಷ ಆದ್ಮೇಲೆ ಬಂದ ಟೋನಿ ಜಾ ಸಿನಿಮಾಕ್ಕೂ ಅದೇ ಸೂಪಿನ ಹೆಸರು. ಸಿಡ್ನಿಯಲ್ಲಿ ವಿಲನ್‌ಗಳ ಅಡ್ಡೆಯಾಗಿರೋ ಹೋಟೆಲ್ ಹೆಸರು ಅದು.

ಬಿಕ್ಕಟ್ಟಿನ ಹೊತ್ತಿಗೆ ಥಾಯ್ ಸಿನಿಮಾ ಹಾಸಿಗೆ ಹಿಡಿದಿತ್ತು. ಹಾಲಿವುಡ್ ಸಿನಿಮಾಗಳ ಮುಂದೆ ನಿಲ್ಲೋಕೆ ದುಡ್ಡಿಲ್ಲ, ವರ್ಷಕ್ಕೆ ಬರ್ತಿದ್ದದ್ದು ಬೆರಳೆಣಿಕೆಯ ಸಿನಿಮಾ. ಆಗ ಜಾಹೀರಾತು ಲೋಕದಿಂದ ಬಂದ ಕೆಲವು ನಿರ್ದೇಶಕರು ಹೊಸ ಗಾಳಿ ತಂದ್ರು. ಅವರಲ್ಲಿ ವಿಸಿತ್ ಸಸನತಿಯೆಂಗ್ 2000ದಲ್ಲಿ ಮಾಡಿದ ‘ಟಿಯರ್ಸ್ ಆಫ್ ದ ಬ್ಲ್ಯಾಕ್ ಟೈಗರ್’ ಸಿನಿಮಾನ ಇಲ್ಲಿ ಹೇಳ್ಲೇಬೇಕು. ಹಳೇ ಥಾಯ್ ಗನ್ ಫೈಟ್ ಸಿನಿಮಾಗಳನ್ನ ಗುಲಾಬಿ, ಹಸಿರು ಬಣ್ಣದಲ್ಲಿ ಅದ್ದಿ ತೆಗೆದಂಗಿದೆ. ಅದು ಅಣಕವೋ ಪ್ರೀತಿಯೋ ಅಂತ ಕೊನೇವರೆಗೂ ಹೇಳೋಕಾಗಲ್ಲ. ಕಾನ್ ಚಿತ್ರೋತ್ಸವದ ಅಧಿಕೃತ ಆಯ್ಕೆಗೆ ಸೇರಿದ ಮೊದಲ ಥಾಯ್ ಸಿನಿಮಾ ಅದೇ, 2001ರಲ್ಲಿ. ಆ ವರ್ಷವೇ ಯುತ್‌ಲರ್ತ್ ಸಿಪ್ಪಪಾಕ್ ‘ಕಿಲ್ಲರ್ ಟ್ಯಾಟೂ’ ಮಾಡಿದ್ರು. ಬಾಡಿಗೆ ಕೊಲೆಗಾರರ ಗುಂಪು, ಅದರಲ್ಲೊಬ್ಬ ತಾನು ಎಲ್ವಿಸ್ ಪ್ರೆಸ್ಲಿ ಅಂತ ನಂಬಿ ಬರೀ ಇಂಗ್ಲಿಷ್‌ನಲ್ಲೇ ಮಾತಾಡ್ತಾನೆ. ಅದರಲ್ಲಿ ನಮ್ಮ ಮಮ್ ಕೂಡ ಇದ್ದಾರೆ. ಕೆಫೆಯ ಕಾಮಿಡಿಯನ್‌ಗಳು ಟಿವಿ ದಾಟಿ ಸಿನಿಮಾಕ್ಕೆ ನುಗ್ತಾ ಇದ್ದ ಕಾಲ ಅದು.

ಇನ್ನೊಂದು ಕಡೆ, ಬ್ಯಾಂಕಾಕ್‌ನಿಂದ ದೂರ, ಖೋನ್ ಕೇನ್‌ನಲ್ಲಿ ಒಬ್ಬರು ವರ್ಷಗಟ್ಟಲೆ ತಮ್ಮ ಪಾಡಿಗೆ ಸಿನಿಮಾ ಮಾಡ್ತಿದ್ರು. ಪನ್ನಾ ರಿತ್ತಿಕ್ರಾಯ್. 1980ರ ದಶಕದಿಂದ ಪುಡಿಗಾಸಿನ ಬಜೆಟ್‌ನಲ್ಲಿ ಆಕ್ಷನ್ ಸಿನಿಮಾ, ತಮ್ಮದೇ ಸ್ಟಂಟ್ ಹುಡುಗರ ತಂಡ. ರಾಜಧಾನಿಯ ವಿಮರ್ಶಕರು ಕಣ್ಣೆತ್ತಿಯೂ ನೋಡ್ತಿರಲಿಲ್ಲ. ಆದ್ರೆ ಹಳ್ಳಿಗಳಲ್ಲಿ, ದೇವಸ್ಥಾನದ ಜಾತ್ರೆಗಳಲ್ಲಿ, ಬಯಲಲ್ಲಿ ಕಟ್ಟಿದ ಪರದೆ ಮೇಲೆ ಆ ಸಿನಿಮಾ ಓಡ್ತಿದ್ವು. ಅಂಥದ್ದೊಂದನ್ನ ನೋಡಿ ತಲೆಕೆಟ್ಟ ಸುರಿನ್‌ನ ಒಬ್ಬ ಹುಡುಗ ಪನ್ನಾ ಅವರನ್ನ ಹುಡುಕ್ಕೊಂಡು ಹೋಗಿ ಶಿಷ್ಯನಾದ. ಅವನೇ ಮುಂದೆ ಟೋನಿ ಜಾ. 1997ರ ‘ಮಾರ್ಟಲ್ ಕಾಂಬ್ಯಾಟ್: ಅನೈಲೇಷನ್’ನಲ್ಲಿ ರಾಬಿನ್ ಶೋಗೆ ಡೂಪ್ ಆಗಿದ್ದವರು, ಆರು ವರ್ಷ ಬಿಟ್ಟು ತಾವೇ ಹೀರೋ.

2003. ‘ಓಂಗ್-ಬಾಕ್’. ನಿರ್ದೇಶನ ಪ್ರಚ್ಯಾ ಪಿಂಕೇವ್, ಫೈಟ್ಸ್ ಪನ್ನಾ. ಹಳ್ಳಿಯ ಬುದ್ಧನ ವಿಗ್ರಹದ ತಲೆಯನ್ನ ಯಾರೋ ಕದೀತಾರೆ, ಅದನ್ನ ತರೋಕೆ ಟಿಂಗ್ ಅನ್ನೋ ಹುಡುಗ ಬ್ಯಾಂಕಾಕ್‌ಗೆ ಹೋಗ್ತಾನೆ. ಡೂಪ್ ಇಲ್ಲ, ವೈರ್ ಇಲ್ಲ, ಕಂಪ್ಯೂಟರ್ ಗ್ರಾಫಿಕ್ಸ್ ಇಲ್ಲ ಅನ್ನೋದೇ ಪ್ರಚಾರ. ಆ ಹೊತ್ತಿಗೆ ಜಗತ್ತೆಲ್ಲ ‘ಮ್ಯಾಟ್ರಿಕ್ಸ್’ ನೋಡಿ, ‘ಕ್ರೌಚಿಂಗ್ ಟೈಗರ್’ ನೋಡಿ, ಗಾಳಿಯಲ್ಲಿ ತೇಲೋ ಫೈಟಿಗೆ ಒಗ್ಗಿಹೋಗಿತ್ತು. ಹಾಗಾಗಿ ಈ ಸಿನಿಮಾ ಮುಖಕ್ಕೆ ನೀರು ಎರಚಿದಂಗಾಯ್ತು.

ಈ ಸಿನಿಮಾದಲ್ಲಿ ಟಿಂಗ್ ಜೊತೆಗೆ ಓಡೋದು ಯಾರು? ಮಮ್. ಹಳ್ಳಿ ಮುಖ್ಯಸ್ಥನ ಮಗ, ಓದೋಕೆ ಅಂತ ಬ್ಯಾಂಕಾಕ್‌ಗೆ ಬಂದು, ಜೂಜು-ಮೋಸದಲ್ಲಿ ಮುಳುಗಿ, ಹಳ್ಳಿ ಹೆಸರನ್ನ ಬಿಸಾಕಿ ‘ಜಾರ್ಜ್’ ಆದವನು. ಅವನ ನಿಜವಾದ ಹೆಸರು ಹಮ್‌ಲೇ. ಟಿಂಗ್ ಎಲ್ಲರ ಮುಂದೆ ಅದೇ ಹೆಸರಲ್ಲಿ ಕೂಗಿದಾಗ ಥಾಯ್ ಪ್ರೇಕ್ಷಕರು ಬಿದ್ದು ಬಿದ್ದು ನಗ್ತಾರೆ, ನಾವು ಸಬ್‌ಟೈಟಲ್ ನೋಡ್ಕೊಂಡು ಸುಮ್ನೆ ಕೂತಿರ್ತೀವಿ. ಕಾರಣ ಇಷ್ಟೇ: ಇಸಾನ್ ಭಾಷೆಯಲ್ಲಿ ‘ಹಮ್’ ಅಂದ್ರೆ ವೃಷಣ. ಹಳ್ಳಿಗಳಲ್ಲಿ ಗಂಡುಮಕ್ಕಳನ್ನ ಮುದ್ದಿಗೆ ಹಾಗೆ ಕರೀತಾರೆ. ಹಳ್ಳಿಯಲ್ಲಿ ಮುದ್ದು, ಸಿಟಿಯಲ್ಲಿ ಮಾನ ಹರಾಜು. ಆ ಒಂದು ಹೆಸರಲ್ಲಿ ಸಿನಿಮಾದ ಅರ್ಧ ಕಥೆ ಇದೆ.

ಈಗ ಆ ಗಲ್ಲಿ ಓಟದ ಸೀನ್. ರೌಡಿಗಳು ಅಟ್ಟಿಸ್ಕೊಂಡು ಬರ್ತಾರೆ. ಟಿಂಗ್ ಮುಳ್ಳುತಂತಿಯ ಸುರುಳಿ ಒಳಗಿಂದ ಹಾರ್ತಾನೆ, ಎರಡು ಗಾಜಿನ ಹಲಗೆಗಳ ನಡುವೆ ತೂರ್ತಾನೆ, ಗಾಡಿ ಕೆಳಗೆ ಕಾಲು ಎರಡೂ ಕಡೆ ಚಾಚಿ ಜಾರ್ಕೊಂಡು ಹೋಗ್ತಾನೆ. ಅದೇ ಗಲ್ಲಿಯಲ್ಲಿ ಹಮ್‌ಲೇನೂ ಓಡ್ಬೇಕು, ನಿಮ್ಮ ನನ್ನಂಥ ಮಾಮೂಲಿ ದೇಹ ಇಟ್ಕೊಂಡು. ಅವನು ಒಂದು ಅಂಗಡಿಯಿಂದ ಮಚ್ಚು ಎತ್ಕೊಂಡು ತಿರುಗಿ ನಿಲ್ತಾನೆ, ರೌಡಿಗಳು ಗಕ್ಕನೆ ನಿಲ್ತಾರೆ. ಅಷ್ಟರಲ್ಲಿ ಒಬ್ಬ ಹೆಂಗಸು ಚಾಕು ಮಾರ್ತಾ ಕೂಗ್ಕೊಂಡು ಅದೇ ದಾರಿಯಲ್ಲಿ ಬರ್ತಾಳೆ. ರೌಡಿಗಳಿಗೆಲ್ಲ ಒಂದೊಂದು ಚಾಕು. ಹಮ್‌ಲೇ ಮುಖ ನೋಡ್ಬೇಕು.

ನನಗೆ ಈ ಸೀನ್ ಯಾಕೆ ಮುಖ್ಯ ಅಂದ್ರೆ, ಅಣಕ ಅನ್ನೋದು ಇಲ್ಲಿ ಬೇರೆ ಸಿನಿಮಾದಲ್ಲಿ ಇಲ್ಲ, ಮೂಲದ ಒಳಗೇ ಇದೆ. ಒಂದು ಓಟ, ಎರಡು ದೇಹ. ಒಂದು ದೇಹ “ಇದು ಸಾಧ್ಯ” ಅಂತ ತೋರಿಸ್ತಾ ಇದ್ರೆ, ಇನ್ನೊಂದು “ಅಯ್ಯೋ, ಇದು ನಮ್ಮಿಂದ ಆಗೋ ಕೆಲ್ಸನಾ?” ಅಂತ ಎದುಸಿರು ಬಿಡ್ತಾ ಇರುತ್ತೆ. ಎರಡನೇದು ಇಲ್ದೇ ಇದ್ರೆ ಮೊದಲನೇದು ಬರೀ ಸರ್ಕಸ್ ಆಗೋಗ್ತಿತ್ತು. ಮೂಗೇಟು ತಿನ್ನೋ ಮಾಮೂಲಿ ಮನುಷ್ಯ ಪಕ್ಕದಲ್ಲಿ ಇದ್ದಾಗ್ಲೇ ಹಾರೋನ ಎತ್ತರ ಅಳೆಯೋಕಾಗೋದು. ಟೋನಿ ಜಾ ಒಬ್ಬಂಟಿಯಾಗಿ ಗಂಭೀರ ಮುಖ ಹೊತ್ತು ನಡೆಸಿದ ‘ಓಂಗ್-ಬಾಕ್ 2’ (2008) ನೋಡಿ. ಫೈಟ್ಸ್ ಇನ್ನೂ ದೊಡ್ಡದು, ಆದ್ರೆ ಉಸಿರಾಡೋಕೆ ಜಾಗ ಇಲ್ಲ. ಮಮ್ ಅದರಲ್ಲಿ ಒಂದು ಚಿಕ್ಕ ಪಾತ್ರಕ್ಕಷ್ಟೇ ಬಂದು ಹೋಗ್ತಾರೆ.

ಅಂದ ಹಾಗೆ, ಓಂಗ್-ಬಾಕ್‌ನ ಓಟದ ಸೀನ್‌ಗಳಲ್ಲಿ ಹಿಂದಿನ ಗೋಡೆ ಬರಹಗಳ ಮೇಲೆ ಕಣ್ಣಿಡಿ. ಒಂದು ಕಡೆ ಸ್ಪೀಲ್‌ಬರ್ಗ್‌ಗೆ, ಇನ್ನೊಂದು ಕಡೆ ಫ್ರಾನ್ಸ್‌ನ ಲುಕ್ ಬೆಸ್ಸನ್‌ಗೆ, ಬನ್ನಿ ಒಟ್ಟಿಗೆ ಕೆಲ್ಸ ಮಾಡೋಣ ಅನ್ನೋ ಥರದ ಸಂದೇಶ ಬರೆದಿದ್ದಾರೆ. ತಮಾಷೆಗೆ ಎಸೆದ ಕಲ್ಲು ಹಣ್ಣಿಗೇ ತಗುಲ್ತು. ಲುಕ್ ಬೆಸ್ಸನ್ ಅವರ ಕಂಪನಿ ನಿಜವಾಗ್ಲೂ ಸಿನಿಮಾನ ಹೊರದೇಶಗಳಿಗೆ ತಗೊಂಡು ಹೋಯ್ತು.

ಓಂಗ್-ಬಾಕ್ ಬಂದ ಮರುವರ್ಷವೇ, 2004ರಲ್ಲಿ, ಮಮ್ ತಾವೇ ಬರೆದು, ನಿರ್ದೇಶಿಸಿ, ಹೀರೋ ಆಗಿ ‘ದಿ ಬಾಡಿಗಾರ್ಡ್’ ಮಾಡಿದ್ರು. ಕಪ್ಪು ಸೂಟು, ಗಂಭೀರ ಮುಖ, ಎರಡೂ ಕೈಲಿ ಗನ್ನು, ಹಾಂಗ್‌ಕಾಂಗ್ ಸಿನಿಮಾ ಹೀರೋ ಥರ. ಒಂದೇ ತೊಂದರೆ, ಕಾಪಾಡ್ಬೇಕಾದ ಶ್ರೀಮಂತನೇ ಗುಂಡೇಟಿಗೆ ಸತ್ತುಹೋಗ್ತಾನೆ. ಅಷ್ಟೊಂದು ಗುಂಡು ಹಾರಿಸಿ, ಅಷ್ಟೊಂದು ಜನರನ್ನ ಉರುಳಿಸಿ, ಮಾಡಬೇಕಾದ ಒಂದೇ ಒಂದು ಕೆಲಸದಲ್ಲಿ ಫೇಲು. ಶ್ರೀಮಂತನ ಮಗ ಇವನನ್ನ ಕೆಲಸದಿಂದ ತೆಗೀತಾನೆ. ಆಮೇಲೆ ಆ ಮಗನೇ ಜೀವ ಉಳಿಸ್ಕೊಳ್ಳೋಕೆ ಬ್ಯಾಂಕಾಕ್‌ನ ಕೊಳೆಗೇರಿ ಸೇರ್ತಾನೆ. ಬೀದಿಯಲ್ಲಿ ಮಮ್ ಬೆತ್ತಲಾಗಿ ಓಡೋ ಸೀನೂ ಇದೆ. ಮನೆಯವರ ಜೊತೆ ಕೂತು ನೋಡೋರು ಎಚ್ಚರ. ನಡುವೆ ಒಂದು ಸೂಪರ್‌ಮಾರ್ಕೆಟ್‌ನಲ್ಲಿ ಟೋನಿ ಜಾ ಅತಿಥಿ ಪಾತ್ರದಲ್ಲಿ ಬಂದು ಫೈಟ್ ಮಾಡಿ ಹೋಗ್ತಾನೆ, ಥೇಟ್ ಟೋನಿ ಜಾ ಥರ.

ಇಲ್ಲಿ ವ್ಯಾಪಾರದ ಕಣ್ಣಿಂದ ಒಂದು ಪ್ರಶ್ನೆ. ಕಂಪನಿ ತನ್ನ ಹೊಚ್ಚಹೊಸ ಬ್ರ್ಯಾಂಡ್‌ನ ಮಾರನೇ ವರ್ಷವೇ ಯಾಕೆ ಗೇಲಿ ಮಾಡಿಸ್ಕೊಳ್ಳುತ್ತೆ? ಬಾಡಿಗಾರ್ಡ್‌ನ ಫೈಟ್ಸ್ ಮಾಡಿದ್ದೂ ಅದೇ ಪನ್ನಾ ರಿತ್ತಿಕ್ರಾಯ್. ಹೀರೋನೂ ಬರ್ತಾನೆ, ಹೀರೋನ ಗೆಳೆಯನೇ ನಿರ್ದೇಶಕ. ಗಾಣ ಒಂದೇ, ಮೊದಲು ಎಣ್ಣೆ ತೆಗೆದ್ರು, ಆಮೇಲೆ ಹಿಂಡಿ ಮಾರಿದ್ರು. ತರಬೇತಿ ಪಡೆದ ಸ್ಟಂಟ್ ತಂಡ ಸಿದ್ಧವಾಗಿದೆ, ದೊಡ್ಡ ಆಕ್ಷನ್ ಸಿನಿಮಾಗೆ ತಿಂಗಳುಗಟ್ಟಲೆ ತಯಾರಿ ಬೇಕು, ಆ ನಡುವೆ ತಂಡ ಖಾಲಿ ಕೂರ್ಬಾರದು. ಗೇಲಿ ಸಿನಿಮಾ ಬಂದ್ರೆ ಮೂಲ ಸಿನಿಮಾದ ನೆನಪೂ ಹಸಿಯಾಗಿರುತ್ತೆ. ಇದು ನನ್ನ ಊಹೆಯ ಲೆಕ್ಕ, ಯಾರದ್ದೋ ಬ್ಯಾಲೆನ್ಸ್ ಶೀಟ್ ನೋಡಿ ಹೇಳ್ತಿರೋದಲ್ಲ. ಆದ್ರೆ ಒಂದು ಫಲ ಮಾತ್ರ ಪರದೆ ಮೇಲೆ ಕಾಣುತ್ತೆ: ಒಳಗಿನವರೇ ಮಾಡಿದ ಗೇಲಿ ಆಗಿದ್ರಿಂದ ಫೈಟ್ಸ್ ನಿಜವಾಗ್ಲೂ ಚೆನ್ನಾಗಿವೆ. ಹೊರಗಿನವರು ಅಣಕ ಮಾಡಿದ್ರೆ ಹೀರೋನ ಸ್ಟೈಲ್ ಕಾಪಿ ಮಾಡಿ ಕೈ ತೊಳ್ಕೊಳ್ತಾರೆ. ಇವರಿಗೆ ಆ ಒದೆ ನಿಜಕ್ಕೂ ಒದೆಯೋಕೆ ಬರುತ್ತೆ, ಅದಕ್ಕೇ ಅದನ್ನ ಎಲ್ಲಿ ತಪ್ಪಿಸ್ಬೇಕು ಅನ್ನೋದೂ ಗೊತ್ತು.

ಇದೇ ಕಾಲದ ಇನ್ನೊಂದು ರತ್ನ 2006ರ ‘ಡೈನಮೈಟ್ ವಾರಿಯರ್’. 1920ರ ದಶಕದ ಸಿಯಾಮ್. ಹೀರೋ ಡಾನ್ ಚುಪೋಂಗ್ ಬಿದಿರಿನ ರಾಕೆಟ್ ಮೇಲೆ ನಿಂತ್ಕೊಂಡು ಹಾರಿ ಬರ್ತಾನೆ. ಬಿಡುವಾಗಿದ್ದಾಗ ಎಮ್ಮೆ ಕಳ್ಳರನ್ನ ಹೊಡೀತಾನೆ. ವಿಲನ್‌ಗೆ ಟ್ರ್ಯಾಕ್ಟರ್ ಮಾರ್ಬೇಕು, ಅದಕ್ಕೆ ರೈತರ ಹತ್ರ ಎಮ್ಮೆ ಇರಬಾರದು. ನೋಡಿ, ಇದಕ್ಕಿಂತ ಸ್ಪಷ್ಟವಾದ ಬಿಸಿನೆಸ್ ಮಾಡೆಲ್ ಇರೋ ವಿಲನ್‌ನ ನಾನಂತೂ ನೋಡಿಲ್ಲ. ರಾಕೆಟ್ ಹುಚ್ಚುತನ ಅನ್ನಿಸ್ಬಹುದು, ಆದ್ರೆ ಅದಕ್ಕೆ ಬೇರಿದೆ. ಇಸಾನ್‌ನಲ್ಲಿ ಮಳೆಗಾಲಕ್ಕೆ ಮುಂಚೆ ‘ಬುನ್ ಬಂಗ್ ಫೈ’ ಅನ್ನೋ ಹಬ್ಬ ಮಾಡ್ತಾರೆ, ಮಳೆ ಬರಲಿ ಅಂತ ಕೈಯಲ್ಲೇ ಮಾಡಿದ ದೊಡ್ಡ ರಾಕೆಟ್‌ಗಳನ್ನ ಆಕಾಶಕ್ಕೆ ಹಾರಿಸೋ ಹಬ್ಬ. ಅದಕ್ಕೆ ಅತಿ ಹೆಚ್ಚು ಹೆಸರು ಮಾಡಿದ ಊರು ಯಸೋಥೋನ್, ಮಮ್ ಅವರ ಊರು. ಸಿನಿಮಾದಲ್ಲಿ ಮಂತ್ರವಾದಿ ಪಾತ್ರ ಮಾಡಿರೋದು ಪನ್ನಾ, ಇನ್ನೊಂದು ಮುಖ್ಯ ಪಾತ್ರದಲ್ಲಿ ಮುವಾಯ್ ಥಾಯ್ ದಂತಕಥೆ ಸಮಾರ್ತ್ ಪಯಕರೂನ್.

ಈಗ ಇಸಾನ್ ವಿಷಯಕ್ಕೆ ಬರ್ಲೇಬೇಕು, ಯಾಕಂದ್ರೆ ನಗು ಯಾರ ಖರ್ಚಲ್ಲಿ ಅನ್ನೋ ಪ್ರಶ್ನೆ ಇರೋದು ಅಲ್ಲೇ. ಥಾಯ್ಲೆಂಡಿನ ಜನಸಂಖ್ಯೆಯ ಸುಮಾರು ಮೂರನೇ ಒಂದು ಭಾಗ ಇಸಾನ್‌ನಲ್ಲಿದೆ. ಅಲ್ಲಿನ ಮಾತು ಬ್ಯಾಂಕಾಕ್ ಥಾಯ್‌ಗಿಂತ ಲಾವೋಸ್‌ನ ಲಾವೋ ಭಾಷೆಗೆ ಹತ್ತಿರ. ದೇಶದ ಬಡ ಭಾಗ. ಬ್ಯಾಂಕಾಕ್‌ನ ಟ್ಯಾಕ್ಸಿ ಓಡಿಸೋರು, ಕಟ್ಟಡ ಕಟ್ಟೋರು, ಮನೆಗೆಲಸದವರು, ಬಾಕ್ಸಿಂಗ್ ರಿಂಗ್‌ನಲ್ಲಿ ಏಟು ತಿನ್ನೋರು, ಇವರಲ್ಲಿ ಬಹಳ ಜನ ಅಲ್ಲಿಂದ ಬಂದವರು. ಟಿವಿಯಲ್ಲಿ ಇಸಾನ್ ಉಚ್ಚಾರ ಕೇಳಿಸಿತು ಅಂದ್ರೆ ಅದು ಕೆಲಸದವಳ ಪಾತ್ರ ಇಲ್ಲಾ ಕಾಮಿಡಿ ಪಾತ್ರ. ನಮ್ಮ ಸಿನಿಮಾಗಳಲ್ಲಿ ಉತ್ತರ ಕರ್ನಾಟಕದ ಮಾತನ್ನ ಎಷ್ಟೋ ವರ್ಷ ಬರೀ ನಗೋಕೆ ಬಳಸಿದ್ದು ಗೊತ್ತಿರೋರಿಗೆ ಇದನ್ನ ಬಿಡಿಸಿ ಹೇಳ್ಬೇಕಿಲ್ಲ.

ಈಗ ಪಟ್ಟಿ ನೋಡಿ. ಮಮ್ ಯಸೋಥೋನ್‌ನವರು, ಟೋನಿ ಜಾ ಸುರಿನ್, ಪನ್ನಾ ಖೋನ್ ಕೇನ್. ಮೂವರೂ ಇಸಾನ್. ಇಡೀ ಜಗತ್ತಿಗೆ ‘ಥಾಯ್ ಸಿನಿಮಾ’ ಅಂತ ಮಾರಾಟ ಆದ ದೇಹಗಳು, ನಗುಗಳು ಬಂದಿದ್ದು ಬ್ಯಾಂಕಾಕ್ ಗೇಲಿ ಮಾಡ್ತಿದ್ದ ನಾಡಿನಿಂದ. 2005ರಲ್ಲಿ ಮಮ್ ‘ಯಾಮ್ ಯಸೋಥೋನ್’ ಅಂತ ಪೂರ್ತಿ ಇಸಾನ್ ಮಾತಲ್ಲೇ ಸಿನಿಮಾ ಮಾಡಿದ್ರು, ಹಳೇ ಸಿನಿಮಾಗಳ ಗಾಢ ಬಣ್ಣದ ಬಟ್ಟೆ ಹಾಕ್ಕೊಂಡ ಪ್ರೇಮಕಥೆ. ಅದು ಎಷ್ಟು ಓಡ್ತು ಅಂದ್ರೆ ಮುಂದಿನ ಭಾಗಗಳೂ ಬಂದ್ವು. ಅಲ್ಲಿ ಇಸಾನ್ ಮಾತಾಡೋನು ಒಬ್ಬ ಜೋಕರ್ ಅಲ್ಲ, ಊರೆಲ್ಲ ಅದೇ ಮಾತು, ಹೀರೋನೂ ಅದೇ ಮಾತು.

ಹಾಗಂತ ಮಮ್ ಕೈ ಪೂರ್ತಿ ಶುದ್ಧ ಅನ್ನೋಕಾಗಲ್ಲ. ಬಣ್ಣ ಕಪ್ಪು ಅಂತ ಜೋಕು, ದಪ್ಪಗಿದ್ದಾಳೆ ಅಂತ ಜೋಕು, ಇವು ಆ ಕಾಲದ ಥಾಯ್ ಕಾಮಿಡಿಯಲ್ಲಿ ಧಂಡಿಯಾಗಿವೆ. ಇವತ್ತು ನೋಡೋಕೆ ಮುಜುಗರ ಆಗುತ್ತೆ, ಆಗ್ಬೇಕು. ಗಂಡಾಗಿ ಹುಟ್ಟಿ ಹೆಣ್ಣಾಗಿ ಬದುಕೋ ‘ಕಥೋಯ್’ ಸಮುದಾಯವನ್ನಂತೂ ಜೋಕಿನ ಡಬ್ಬಿ ಮಾಡಿಬಿಟ್ಟಿದ್ರು. 2007ರ ‘ಕುಂಗ್‌ಫೂ ಟುಟ್ಸಿ’ ಅಂತ ಒಂದು ಸಿನಿಮಾ ಇದೆ, ಕುಂಗ್‌ಫೂ ಸಿನಿಮಾಗಳ ಅಣಕ, ಆದ್ರೆ ಅದರ ಮುಖ್ಯ ಬಂಡವಾಳ ಈ ಜೋಕುಗಳೇ. ಅದನ್ನ ನೋಡೋ ಬದಲು ‘ಬ್ಯೂಟಿಫುಲ್ ಬಾಕ್ಸರ್’ ನೋಡಿ ಅಂತೀನಿ ನಾನು. ನೋಂಗ್ ತೂಮ್ ಅನ್ನೋ ನಿಜವಾದ ಬಾಕ್ಸರ್ ಕಥೆ. ರಿಂಗ್‌ನಲ್ಲಿ ಗಂಡಸರನ್ನ ಹೊಡೆದು ಗಳಿಸಿದ ದುಡ್ಡಲ್ಲಿ ಹೆಣ್ಣಾದವರು ಅವರು.

ಗೇಲಿ ಗಡಿ ದಾಟಿದ್ರೆ ಏನಾಗುತ್ತೆ ಅನ್ನೋದಕ್ಕೂ ಉದಾಹರಣೆ ಇದೆ. 2006ರಲ್ಲಿ ‘ಲಕ್ಕಿ ಲೂಸರ್’ ಅನ್ನೋ ಫುಟ್‌ಬಾಲ್ ಕಾಮಿಡಿ ರೆಡಿ ಆಯ್ತು, ಲಾವೋಸ್ ತಂಡ ವಿಶ್ವಕಪ್‌ಗೆ ಹೋಗೋ ಕಥೆ. ತಮ್ಮನ್ನ ಪೆದ್ದರ ಥರ ತೋರಿಸಿದ್ದಾರೆ ಅಂತ ಲಾವೋಸ್ ಕಡೆಯಿಂದ ಆಕ್ಷೇಪ ಬಂತು, ಬಿಡುಗಡೆ ನಿಂತಿತು, ಕೊನೆಗೆ ದೇಶದ ಹೆಸರನ್ನೇ ಕಾಲ್ಪನಿಕ ಮಾಡಿ ಹೊರತಂದ್ರು. ಮರುವರ್ಷ ಬಂದ ‘ಬಾಡಿಗಾರ್ಡ್ 2’ನಲ್ಲಿ ಮಮ್ ಗೂಢಚಾರ, ಊರು ‘ವೋಂಗ್‌ನೈಲ್ಯೂಮ್’ ಅನ್ನೋ ಇಲ್ಲದ ದೇಶ. ಉಗ್ರರನ್ನ ಹಿಡಿಯೋಕೆ ಥಾಯ್ಲೆಂಡಿಗೆ ಬಂದು, ಆಯುಧ ಮಾರೋ ಒಂದು ಮ್ಯೂಸಿಕ್ ಕಂಪನಿಯಲ್ಲಿ ಗಾಯಕನಾಗಿ ಸೇರ್ತಾನೆ, ತಪ್ಪಿ ಸ್ಟಾರೂ ಆಗ್ಬಿಡ್ತಾನೆ. ಟೋನಿ ಜಾ ಇದರಲ್ಲೂ ಒಂದು ಸುತ್ತು ಬಂದು ಹೋಗ್ತಾನೆ.

ಐಸ್ ಫ್ಯಾಕ್ಟರಿ ಬಾಕಿ ಇತ್ತಲ್ಲ. 2008ರ ‘ಚಾಕೊಲೇಟ್’, ನಿರ್ದೇಶನ ಮತ್ತೆ ಪ್ರಚ್ಯಾ, ಫೈಟ್ಸ್ ಮತ್ತೆ ಪನ್ನಾ. ನಾಯಕಿ ಜೀಜಾ ಯಾನಿನ್. ಆಟಿಸಂ ಇರೋ ಹುಡುಗಿ ಝೆನ್, ಟಿವಿಯಲ್ಲಿ ಟೋನಿ ಜಾ ಫೈಟ್ ನೋಡಿ ನೋಡಿನೇ ಕಲೀತಾಳೆ. ಅಮ್ಮನ ಚಿಕಿತ್ಸೆಗೆ ದುಡ್ಡು ಬೇಕು, ಹಳೇ ಸಾಲ ವಸೂಲಿಗೆ ಹೊರಡ್ತಾಳೆ. ಒಬ್ಬ ಸಾಲಗಾರನ ಐಸ್ ಫ್ಯಾಕ್ಟರಿಯಲ್ಲಿ ಗಲಾಟೆ ಶುರುವಾದಾಗ ಈ ಪುಟ್ಟ ಹುಡುಗಿ ಬ್ರೂಸ್ ಲೀ ಥರ ಕೂಗ್ತಾ ಹೊಡೀತಾಳೆ. ಮೊದಲ ಕ್ಷಣ ನಗು ಬರುತ್ತೆ, ಅಣಕ ಅನ್ಸುತ್ತೆ. ಆಮೇಲೆ ಒದೆ ಬೀಳೋ ರಭಸ ನೋಡಿ ನಗು ಗಂಟಲಲ್ಲೇ ನಿಲ್ಲುತ್ತೆ. ‘ಬಿಗ್ ಬಾಸ್’ ಚಿತ್ರೀಕರಣ ಆದ ದೇಶದಲ್ಲಿ, 37 ವರ್ಷ ಆದ್ಮೇಲೆ, ಅದೇ ಐಸ್, ಅದೇ ಕೂಗು.

ಆ ಸಿನಿಮಾ ಮುಗಿದ ತಕ್ಷಣ ಆಫ್ ಮಾಡ್ಬೇಡಿ. ಜಾಕಿ ಚಾನ್ ಸಿನಿಮಾಗಳ ಥರ ಕೊನೆಯಲ್ಲಿ ಶೂಟಿಂಗ್ ತುಣುಕುಗಳು ಬರುತ್ತೆ. ಆದ್ರೆ ಇವು ನಗೋಕಲ್ಲ. ಬಿದ್ದವರು, ರಕ್ತ ಬಂದವರು, ಕುತ್ತಿಗೆಗೆ ಪಟ್ಟಿ ಕಟ್ಟಿಸ್ಕೊಂಡು ಆಸ್ಪತ್ರೆಯಲ್ಲಿ ಮಲಗಿದವರು. ವೈರ್ ಇಲ್ಲ, ಗ್ರಾಫಿಕ್ಸ್ ಇಲ್ಲ ಅಂತ ನಾವು ಶಿಳ್ಳೆ ಹೊಡೆದದ್ದಕ್ಕೆ ಯಾರೋ ಮೈ ತೆತ್ತಿದ್ದಾರೆ. ಒಂದು ಕಾಲದಲ್ಲಿ ಗ್ರಾಫಿಕ್ಸ್‌ಗೆ ದುಡ್ಡಿಲ್ಲದ ಇಂಡಸ್ಟ್ರಿಗೆ ಅಗ್ಗಕ್ಕೆ ಸಿಕ್ಕಿದ್ದು ಮನುಷ್ಯರ ದೇಹ, ಅದೂ ಹೆಚ್ಚಾಗಿ ಹಳ್ಳಿ ಹುಡುಗರದ್ದು. ಕೆಫೆಯ ತಟ್ಟೆ ಏಟಿನಲ್ಲಿ ಸದ್ದು ಜೋರು, ಪೆಟ್ಟು ಕಮ್ಮಿ ಅಂದೆನಲ್ಲ, ಇಲ್ಲಿ ಆ ಲೆಕ್ಕ ಉಲ್ಟಾ ಆಗೋಯ್ತು.

ಆ ಗುಂಪು ಬಹಳ ದಿನ ಒಟ್ಟಿಗೆ ಉಳೀಲಿಲ್ಲ. ಓಂಗ್-ಬಾಕ್ 2 ಶೂಟಿಂಗ್ ನಡುವೆಯೇ ಟೋನಿ ಜಾ ಸೆಟ್ ಬಿಟ್ಟು ಮಾಯ ಆದ್ರು, ಪನ್ನಾ ಬಂದು ಕೆಲಸ ಪೂರೈಸ್ಬೇಕಾಯ್ತು. 2010ರಲ್ಲಿ ಟೋನಿ ಜಾ ಸ್ವಲ್ಪ ಕಾಲ ಬೌದ್ಧ ಸನ್ಯಾಸಿಯಾದ್ರು, ವಾಪಸ್ ಬಂದು 2015ರ ‘ಫ್ಯೂರಿಯಸ್ 7’ ಮೂಲಕ ಹಾಲಿವುಡ್‌ಗೆ ಹೋದ್ರು. ಮಮ್ 2011ರಲ್ಲಿ ಜೀಜಾಳನ್ನ ಸೈಕಲ್ ಕೊರಿಯರ್ ಹುಡುಗಿ ಮಾಡಿ ‘ದಿಸ್ ಗರ್ಲ್ ಈಸ್ ಬ್ಯಾಡ್-ಆಸ್’ ತೆಗೆದ್ರು, ಅಲ್ಲಲ್ಲಿ ಚೆನ್ನಾಗಿದೆ, ಉಳಿದಂತೆ ಜಾಳುಜಾಳು. ಪನ್ನಾ 2014ರ ಜುಲೈನಲ್ಲಿ ತೀರಿಕೊಂಡ್ರು, 53ನೇ ವಯಸ್ಸಿಗೆ.

ನೋಡೋಕೆ ಶುರು ಮಾಡೋರಿಗೆ ಒಂದೇ ಮಾತು, ಯಾವ ವರ್ಷನ್ ಸಿಕ್ತು ಅಂತ ನೋಡ್ಕೊಳ್ಳಿ. ಓಂಗ್-ಬಾಕ್‌ನ ಹೊರದೇಶದ ಆವೃತ್ತಿಯಲ್ಲಿ ಸಂಗೀತ ಬದಲಾಗಿದೆ, ಒಂದು ಉಪಕಥೆಗೆ ಕತ್ತರಿ ಬಿದ್ದಿದೆ. ಟಾಮ್-ಯಮ್-ಗೂಂಗ್ ಅಮೆರಿಕದಲ್ಲಿ ‘ದಿ ಪ್ರೊಟೆಕ್ಟರ್’ ಆಗಿ ಬಂದಾಗ ಇಪ್ಪತ್ತು ನಿಮಿಷಕ್ಕೂ ಹೆಚ್ಚು ಭಾಗ ಹೋಯ್ತು, ರ್‍ಯಾಪರ್ ರಿಝಾ ಸಂಗೀತ ಬಂತು. ಆ ರಿಝಾ 2013ರ ಎರಡನೇ ಭಾಗದಲ್ಲಿ ಟೋನಿ ಜಾ ಎದುರು ವಿಲನ್ ಆಗಿ ಬಂದದ್ದು ಬೇರೆ ತಮಾಷೆ. ಹೊರಗಿನವರು ಇಂಥ ಸಿನಿಮಾಗೆ ಕತ್ತರಿ ಹಾಕುವಾಗ ಫೈಟ್ ಮುಟ್ಟಲ್ಲ, ಮಾತು-ಕಥೆಯ ಭಾಗಕ್ಕೇ ಕೈ ಹಾಕ್ತಾರೆ. ಹಾಗಾಗಿ ಥಾಯ್ ಆಡಿಯೋ ಇರೋ, 110 ನಿಮಿಷದ ಆಸುಪಾಸಿನ ಪ್ರತಿ ಹುಡುಕಿ. ಸಿಡ್ನಿ ಏರ್‌ಪೋರ್ಟ್ ಸೀನ್‌ನಲ್ಲಿ ಟೋನಿ ಜಾ ಒಬ್ಬರಿಗೆ ಡಿಕ್ಕಿ ಹೊಡೀತಾನೆ, ಅಲ್ಲಿ ಪಾಸ್ ಮಾಡಿ ಆ ಮನುಷ್ಯನ ಮುಖ ನೋಡಿ. ಜಾಕಿ ಚಾನ್ ಅಲ್ಲ, ಜಾಕಿ ಚಾನ್ ಥರ ಇರೋ ಇನ್ಯಾರೋ.